ಉದ್ದವ್ವ ಮತ್ತು ಸಂಗಡಿಗರು

ಇನ್ನೂ ಪೂರ್ತಿ ಬೆಳಕಾಗಿಲ್ಲ. ಗೋಕಾಕ ಬಸ್ ನಿಲ್ದಾಣದ ಹಿಂದಿನ ಖಾನಾವಳಿಯಲ್ಲಿ ಉದ್ದವ್ವನ ಒಲೆ ಆಗಲೇ ಹೊತ್ತಿದೆ. ಮಧ್ಯಾಹ್ನದೊಳಗೆ ಇನ್ನೂರು ಜೋಳದ ರೊಟ್ಟಿ ಆಗಬೇಕು. ತಟ್ಟುವಾಗ ಬಾಯಲ್ಲೊಂದು ಹಾಡು ಇದ್ದೇ ಇರುತ್ತದೆ. ಆದರೆ ಪಲ್ಲವಿ ಬಂದಾಗ ಮಾತ್ರ ದನಿ ಏರುತ್ತದೆ. ಚರಣ ಬಂದರೆ ಬಾಯಿ ಮುಚ್ಚಿಕೊಳ್ಳುತ್ತಾರೆ.

"ಯಾಕವ್ವಾ, ಪೂರಾ ಹಾಡಬಾರದೇನು?" ಎನ್ನುತ್ತೇನೆ.

"ಚರಣ ಹಾಡೂದು ನಮ್ಮ ಪಾಳಿ ಅಲ್ಲರೀ," ಎನ್ನುತ್ತಾರೆ.

ಇಪ್ಪತ್ತೈದು ವರ್ಷಗಳ ಹಿಂದಿನ ಪಾಳಿ ಅದು. ಆಗ ಮೂಡಲಗಿ, ಹುಕ್ಕೇರಿ, ಗೋಕಾಕದ ಹಾಡುಗಾರರು ದೊಡ್ಡ ಕಂಪನಿಗಳ ಬಾಗಿಲು ಕಾಯದೆ ತಾವೇ ಪದ ಕಟ್ಟಿ, ತಾವೇ ಕ್ಯಾಸೆಟ್ ಮಾಡಿ, ಸಂತೆಯಲ್ಲಿ ತಾವೇ ಮಾರುತ್ತಿದ್ದರು. ಮೂಡಲಗಿಯ ಒಂದು ಬಾಡಿಗೆ ಖೋಲಿಯೇ ಸ್ಟುಡಿಯೊ. ಹೊರಗಿನ ಸದ್ದು ಬರದಿರಲಿ ಎಂದು ಗೋಡೆಗೆಲ್ಲ ಕೌದಿ ಇಳಿಬಿಡುತ್ತಿದ್ದರಂತೆ.

"ಫ್ಯಾನ್ ಬಂದ್, ಕದಾ ಬಂದ್. ಬೆವರಿಗೆ ಸೀರಿ ತೊಯ್ದು ಹೋಗತಿತ್ರಿ. ಹಾಡು ಇನ್ನೇನ್ ಮುಗೀತು ಅನ್ನೂದ್ರಾಗ ಕಬ್ಬಿನ ಟ್ರ್ಯಾಕ್ಟರ್ ಬರತಿತ್ತು. ಹಾಳಾಗಿ ಹೋಗ್ಲಿ, ಮತ್ತ ಮೊದಲಿಂದ!"

ಇದ್ದದ್ದು ಒಂದೇ ಮೈಕು. ಮುಂದೆ ಹಾಡುಗಾರ, ಹಿಂದೆ ಉದ್ದವ್ವ, ಕೊಣ್ಣೂರಿನ ಲಕ್ಕವ್ವ, ಹುಕ್ಕೇರಿ ಕಡೆಯ ಇಂದ್ರವ್ವ ಮತ್ತು ಮಾಯಾ. ಕ್ಯಾಸೆಟ್ಟಿನ ಮೇಲೆ ಹಾಡುಗಾರನ ಫೋಟೊ, ದಪ್ಪಕ್ಷರದಲ್ಲಿ ಅವನ ಹೆಸರು, ಕೆಳಗೆ ಇರುವೆಯಷ್ಟು ಸಣ್ಣದಾಗಿ 'ಮತ್ತು ಸಂಗಡಿಗರು'. ಮುಗಿಯಿತು! ನನಗೆ ಸಿಟ್ಟು ಬರುತ್ತದೆ. ಉದ್ದವ್ವನಿಗೆ ಬರುವುದಿಲ್ಲ.

"ಖರೇ ಹೇಳ್ಲೇನ್ರಿ? ಆಗ ಹೆಸರ ಬ್ಯಾಡ ಅಂದಾಕಿ ನಾನ. ಕಸಾ ತಗ್ಯಾಕ ಹೊಲಕ್ಕ ಹೊಂಟೇನಿ ಅಂತ ಮನ್ಯಾಗ ಸುಳ್ಳ ಹೇಳಿ ಹೋಗತಿದ್ನಿ. ನಮ್ಮ ಮಾವ ಅದ ಕ್ಯಾಸೆಟ್ ಹಚ್ಚಿ, 'ಏನ್ ಹಾಡ್ಯಾರಲೇ ಹೆಣಮಕ್ಳು!' ಅಂತಿದ್ದ. ನಾ ಒಲಿ ಮುಂದ ಕುಂತು ಬಾಯಾಗ ಸೆರಗ ತುರುಕ್ಕೊಂಡು ನಗತಿದ್ನಿ."

ಈಗ ಹೆಸರು ಬೇಕಾಗಿದೆ. ಕಣಗಲಾದ ಮಹೇಶ ಮಾಸ್ತರರು ಈ ಹಾಡುಗಳ ಇತಿಹಾಸ ಬರೆದಿದ್ದಾರೆ. ಪುಸ್ತಕ ಈ ವಾರ ಅಚ್ಚಿಗೆ ಹೋಗುತ್ತದೆ. ಇಂದ್ರವ್ವ ಹೋದ ವರ್ಷ ತೀರಿಕೊಂಡರು. "ಮೊಮ್ಮಗಳಿಗೆ ಕ್ಯಾಸೆಟ್ ಕೇಳಿಸಿ 'ಇದು ನನ್ನ ದನಿ' ಅಂದ್ಲಂತ್ರಿ. ಆ ಹುಡುಗಿ ನಂಬಲಿಲ್ಲಂತ. ಪುಸ್ತಕದಾಗ ಇದ್ರರ ನಂಬತಿತ್ತಲ್ರಿ," ಎನ್ನುತ್ತ ಉದ್ದವ್ವ ಅತ್ತೇಬಿಡುತ್ತಾರೆ.

ತೊಡಕಾಗಿರುವುದು ಅಡ್ಡಹೆಸರಿನದು. ಲಕ್ಕವ್ವ, ಮಾಯಾ ಇಬ್ಬರಿಗೂ ಪುಸ್ತಕದಲ್ಲಿ ಬರುವ ಆಸೆ. ಆದರೆ ಇಂದ್ರವ್ವನದೂ ಸೇರಿ ಮೂರೂ ಮನೆಯ ಗಂಡುಮಕ್ಕಳು ಒಂದೇ ಮಾತು ಹೇಳಿ ಮಾಸ್ತರರನ್ನು ಕಳಿಸಿದ್ದಾರೆ: ನಮ್ಮ ಮನೆತನದ ಹೆಸರು ಹಾಡಿನ ಪುಸ್ತಕದಲ್ಲಿ ಬೇಡ. ನಮ್ಮ ಕಡೆ ಓಣಿಗೊಬ್ಬ ಲಕ್ಕವ್ವ. ಅಡ್ಡಹೆಸರಿಲ್ಲದೆ ಬರೆದರೆ ಯಾರೆಂದು ತಿಳಿಯುವುದು? ಹಾಗಾಗಿ, ಅಡ್ಡಹೆಸರಿಲ್ಲದೆಯೂ ಎಲ್ಲರೂ ಗುರುತಿಸುವ ಉದ್ದವ್ವನ ಹೆಸರಷ್ಟೇ ಇಡುತ್ತೇನೆ ಎಂದಿದ್ದಾರೆ ಮಾಸ್ತರರು. ಉದ್ದವ್ವ ಕೆರಳಿದ್ದಾರೆ: "ನಾಕೂ ಮಂದಿ ಇದ್ರ ನಾ ಇರತೇನಿ. ಇಲ್ಲಂದ್ರ ನಂದೂ ತಗೀರಿ."

ನಾವು ಮಾತಾಡುತ್ತಿರುವಾಗಲೇ ಮಹೇಶ ಮಾಸ್ತರರು ಕರಡು ಪುಟ ಹಿಡಿದು ಬರುತ್ತಾರೆ. ಮುಖ ಸಪ್ಪಗಿದೆ. ನಾಲ್ಕನೇ ಇಯತ್ತೆಯವರೆಗೆ ಓದಿದ ಉದ್ದವ್ವ ಅಕ್ಷರ ಕೂಡಿಸಿ ಓದುತ್ತಾರೆ: "ಉದ್ದವ್ವ... ಸಂಗಡಿಗೇರ!"

ಉದ್ದವ್ವನ ಹಟಕ್ಕೆ ಅರ್ಧ ಮಣಿದು ಮಾಸ್ತರರು 'ಉದ್ದವ್ವ, ಸಂಗಡಿಗರು' ಎಂದು ಗೀಚಿ ಕೊಟ್ಟಿದ್ದರು. ದಿನವಿಡೀ ಬಡಿಗೇರ, ಪೂಜೇರ ಎಂದು ಟೈಪು ಹೊಡೆಯುವ ಡಿಟಿಪಿ ಅಂಗಡಿಯವರು ಇದೂ ಅಂಥದ್ದೇ ಅಡ್ಡಹೆಸರು ಎಂದುಕೊಂಡಿದ್ದಾರೆ.

"ತಪ್ಪಾಗೇತಿ ಯವ್ವಾ, ತಿದ್ದಸ್ತೇನಿ," ಎಂದು ಮಾಸ್ತರರು ಪೆನ್ನು ತೆಗೆಯುತ್ತಾರೆ. ಉದ್ದವ್ವ ಹಿಟ್ಟಿನ ಕೈಯಲ್ಲೇ ಅದನ್ನು ತಡೆಯುತ್ತಾರೆ.

"ತಿದ್ದಬ್ಯಾಡ್ರಿ. ಇಂದ್ರವ್ವ ಸಂಗಡಿಗೇರ, ಲಕ್ಕವ್ವ ಸಂಗಡಿಗೇರ, ಮಾಯಾ ಸಂಗಡಿಗೇರ. ಹಿಂಗ ಬರೀರಿ. ಈ ಅಡ್ಡಹೆಸರ ನಾವ ಹಾಡಿ ಗಳಿಸಿದ್ದು. ಇದನ್ನ ಬ್ಯಾಡ ಅನ್ನಾಕ ಯಾರ ಮಗನಿಗೂ ಬರೂದಿಲ್ಲ."