ಧೂಳತ್ತೆ

ವಿಶ್ವವಿದ್ಯಾಲಯದ ನ್ಯಾನೋ ಕೇಂದ್ರದ ಶುದ್ಧಕೋಣೆಗೆ ಯಾರೇ ಹೋಗಬೇಕಾದರೂ ಮೊದಲು ಅಲ್ಲಿನ ಮೇಲ್ವಿಚಾರಕಿ ಧೂಳತ್ತೆಯ ಕಣ್ಣು ದಾಟಬೇಕಿತ್ತು. ಹೆಸರಿಟ್ಟವರು ವಿದ್ಯಾರ್ಥಿಗಳು. ಅವರು ಬೆನ್ನ ಹಿಂದೆ ಹಾಗೆ ಕರೆಯುವುದು ಅವಳಿಗೆ ಗೊತ್ತಿತ್ತು, ಒಳಗೊಳಗೇ ಖುಷಿಯೂ ಇತ್ತು. ಸಿಲಿಕಾನ್ ಬಿಲ್ಲೆಗಳ ಮೇಲೆ ಕೂದಲೆಳೆಗಿಂತ ಎಷ್ಟೋ ಪಾಲು ಸಣ್ಣ ಗೆರೆ ಕೊರೆಯುವ ಜಾಗ ಅದು; ಅಲ್ಲಿ ಧೂಳಿನ ಕಣ ಬಿತ್ತೆಂದರೆ ಬಂಡೆ ಉರುಳಿದ ಹಾಗೆ. ಎಲ್ಲ ವಿಭಾಗದವರೂ ಹೊರಗಿನ ಕಾಲೇಜಿನವರೂ ಸರದಿಯಲ್ಲಿ ಅದೇ ಯಂತ್ರಗಳನ್ನು ಬಳಸುತ್ತಿದ್ದುದರಿಂದ ಒಬ್ಬರ ಕೊಳೆ ಎಲ್ಲರ ಪಾಲಾಗುತ್ತಿತ್ತು. ಹಾಗಾಗಿ ಬಿಳಿ ನಿಲುವಂಗಿ ತೊಡುವ ಕೋಣೆಯಲ್ಲಿ ಅವಳು ಹೇಳಿದ್ದೇ ಶಾಸನ. ಪೌಡರ್ ಹಚ್ಚಿದವರ ಮುಖ ತೊಳೆಸುತ್ತಿದ್ದಳು, ಸಿಗರೇಟು ಸೇದಿ ಬಂದ ಪ್ರೊಫೆಸರನ್ನೂ ಬಾಗಿಲಾಚೆ ನಿಲ್ಲಿಸುತ್ತಿದ್ದಳು.

ಒಂದು ಸಲ ಒಳಗಿನ ಸ್ಯಾಂಪಲ್ ಬಿಲ್ಲೆಗಳು ಒಂದರ ಹಿಂದೊಂದು ಕೆಡತೊಡಗಿದವು. ಗಾಳಿಯಲ್ಲಿನ ಕಣ ಎಣಿಸುವ ಯಂತ್ರದ ಅಂಕಿ ಆಗಾಗ ಮೇಲೇರುತ್ತಿತ್ತು. ಧೂಳತ್ತೆಯ ಅನುಮಾನ ಪಿಎಚ್‌ಡಿ ಮಾಡುತ್ತಿದ್ದ ಒಬ್ಬ ಹುಡುಗಿಯ ಮೇಲೆ ಹೋಯಿತು. ಹಿಂದೊಮ್ಮೆ ಕಾಡಿಗೆ ಹಚ್ಚಿಕೊಂಡು ಬಂದು ಸಿಕ್ಕಿಬಿದ್ದಿದ್ದವಳು.

"ಮೇಡಂ, ಇವತ್ತು ಏನೂ ಹಚ್ಚಿಲ್ಲ, ಬೇಕಾದ್ರೆ ನೋಡಿ."

"ನಿನ್ನಂಥವರನ್ನ ಬೇಕಾದಷ್ಟು ನೋಡಿದೀನಿ ಬಿಡಮ್ಮ," ಎಂದು ಧೂಳತ್ತೆ ಅವಳ ಪ್ರವೇಶದ ಕಾರ್ಡ್ ಇಸಿದುಕೊಂಡಳು.

ಹುಡುಗಿ ಹೋದ ಮೇಲೂ ಅಂಕಿ ಆಗಾಗ ಏರುವುದು ನಿಲ್ಲಲಿಲ್ಲ. ರಜೆಯ ದಿನ ಯಂತ್ರ ಪರೀಕ್ಷಿಸಲು ಧೂಳತ್ತೆ ಒಬ್ಬಳೇ ಒಳಗೆ ಹೋದಳು. ಕೋಣೆ ಖಾಲಿ, ಅಂಕಿ ತಣ್ಣಗೆ ಕೂತಿತ್ತು. ಕೆಲವು ತಿಂಗಳಿಂದ ಅವಳ ಮೊಣಕೈ ತುರಿಸುತ್ತಿತ್ತು. ನಿಲುವಂಗಿಯ ಮೇಲಿಂದಲೇ ಉಜ್ಜಿಕೊಂಡಳು. ಅಂಕಿ ಏರಿತು. ಇನ್ನೊಮ್ಮೆ ಉಜ್ಜಿದಳು, ಮತ್ತೆ ಏರಿತು. ತನ್ನ ತಟ್ಟೆಯಲ್ಲಿ ಹೆಗ್ಗಣ ಸತ್ತು ಬಿದ್ದಿರುವಾಗ ಪಕ್ಕದ ತಟ್ಟೆಯ ನೊಣ ಓಡಿಸಿದ್ದಳು.

ಚರ್ಮ ಪದರ ಪದರವಾಗಿ ಉದುರುವ ಕಾಯಿಲೆ, ಯಾರಿಗೂ ಅಂಟುವುದಿಲ್ಲ, ಪೂರ್ತಿ ಹೋಗುವುದೂ ಇಲ್ಲ ಎಂದರು ಡಾಕ್ಟರು.

"ಯಾರಿಗೂ ಹೇಳ್ಬೇಡ ಕಣೆ," ಎಂದ ಗಂಡ. "ಆ ಯಂತ್ರಕ್ಕೇನು ಬಾಯಿದೆಯಾ?"

"ಅದಕ್ಕಿರೋದೇ ಬಾಯಿ ಕಣ್ರೀ."

ಆದರೂ ಒಂದು ವಾರ ಅವಳು ಬಾಯಿ ಬಿಡಲಿಲ್ಲ. ಆ ಕೋಣೆ ಬಿಟ್ಟರೆ ತಾನು ಯಾರು ಎಂಬ ಭಯ ಅವಳಿಗಿತ್ತು. ಎಂದಿನಂತೆ ಒಳಗೆ ಹೋದಳು, ಕೈ ಅಲುಗಿಸದೆ ನಡೆದಳು. ಅಷ್ಟರಲ್ಲಿ ಆ ಹುಡುಗಿ ಪಿಎಚ್‌ಡಿ ಬಿಡುತ್ತಾಳಂತೆ ಎಂಬ ಸುದ್ದಿ ಬಂತು. ಧೂಳತ್ತೆ ಅವಳನ್ನು ಹುಡುಕಿಕೊಂಡು ಹಾಸ್ಟೆಲಿಗೆ ಹೋದಳು.

"ತಪ್ಪು ನಿಂದಲ್ಲಮ್ಮ. ಧೂಳು ನಂದು," ಎಂದು ಅವಳ ಕಾರ್ಡ್ ಮುಂದೆ ಚಾಚಿದಳು.

ಹುಡುಗಿ ಬಾಗಿಲಲ್ಲೇ ನಿಂತು ಕೇಳಿದಳು: "ಕೆಟ್ಟಿರೋ ಸ್ಯಾಂಪಲ್ ವಾಪಸ್ ಬರತ್ತಾ ಮೇಡಂ?"

"ಬರಲ್ಲ."

ಕಾರ್ಡ್ ತೆಗೆದುಕೊಂಡು ಹುಡುಗಿ ಬಾಗಿಲು ಹಾಕಿಕೊಂಡಳು. ಥ್ಯಾಂಕ್ಸ್ ಹೇಳಲಿಲ್ಲ, ಹೇಳಬೇಕಾದ್ದೂ ಇರಲಿಲ್ಲ. ಧೂಳತ್ತೆ ಅಲ್ಲಿಂದ ನೇರ ಮುಖ್ಯಸ್ಥರ ಬಳಿ ಹೋಗಿ ತನ್ನ ಕಾರ್ಡನ್ನೂ ಮೇಜಿನ ಮೇಲಿಟ್ಟಳು. ಅವರು ಹಾವೂ ಸಾಯದಂತೆ ಕೋಲೂ ಮುರಿಯದಂತೆ ಅವಳಿಗೆ ಹೊರಗಿನ ಪಡಸಾಲೆಯಲ್ಲಿ ಹೊಸಬರಿಗೆ ಪಾಠ ಹೇಳುವ ಕೆಲಸ ಕೊಟ್ಟರು. ಮೊದಲ ದಿನ ಗಾಜಿನ ಗೋಡೆಯ ಪಕ್ಕ ನಿಂತು ಅವಳು ನಿಯಮಗಳನ್ನು ಹೇಳಿದಳು. ಪೌಡರ್ ಆಯಿತು, ಸಿಗರೇಟು ಆಯಿತು.

"ಚರ್ಮ ಉದುರೋರು ಒಳಗೆ ಹೋಗೋ ಹಾಗಿಲ್ಲ."

ಹಿಂದಿನ ಸಾಲಿನಿಂದ ಯಾರೋ ನಕ್ಕರು. "ಅಂಥೋರೂ ಇರ್ತಾರಾ ಮೇಡಂ?"

"ಇರ್ತಾರೆ," ಎಂದು ಧೂಳತ್ತೆ ತೋಳು ಮೇಲೆತ್ತಿ ಮೊಣಕೈ ತೋರಿಸಿದಳು. "ಅದಕ್ಕೇ ಗಾಜಿನ ಈಚೆ ನಿಂತಿದೀನಿ."