ಫಿನ್ ಅಂಕಲ್‌ಗೆ ಓದಲು ಬಾರದ ಪುಟ

ಆಗೆಲ್ಲ ಸ್ಕೂಲು ಲ್ಯಾಪ್‌ಟಾಪಿನೊಳಗಿತ್ತು, ಮನೆಯಿಂದಾಚೆ ಎಂದರೆ ಹಿತ್ತಲಿನ ಮರದ ಜಗಲಿ, ಆ ಡೆಕ್ಕೇ ಗತಿ. ಕೊರೊನಾ ಬಂದ ಆ ವಸಂತದಲ್ಲಿ, ಅಮೆರಿಕದ ಅಟ್ಲಾಂಟಾ ಪಕ್ಕದ ಜಾನ್ಸ್ ಕ್ರೀಕ್‌ನ ನಮ್ಮ ಡೆಕ್ಕಿನ ಮೇಲೆ ಪೈನ್ ಮರಗಳ ಹಳದಿ ಪುಡಿ ಅರಿಶಿನ ಚೆಲ್ಲಿದ ಹಾಗೆ ಬಿದ್ದಿರುತ್ತಿತ್ತು. ಅದರಲ್ಲಿ ಬೆರಳಿಂದ ಚೌಕಾಬಾರದ ಮನೆ ಬರೆದು ಒಬ್ಬಳೇ ಆಡುತ್ತಿದ್ದೆ, ಸೀನುತ್ತಿದ್ದೆ. ನನಗಾಗ ಹನ್ನೆರಡು ವರ್ಷ.

ಬೇಲಿಯಾಚೆಯ ಮನೆ ಫಿನ್ ಅಂಕಲ್ ಅವರದು. ಐರ್ಲೆಂಡಿನ ಪಶ್ಚಿಮ ಕರಾವಳಿಯಿಂದ ಬಂದು, ಅಟ್ಲಾಂಟಾದ ಕಾಲೇಜೊಂದರಲ್ಲಿ ಪಾಠ ಹೇಳಿ ನಿವೃತ್ತರಾದವರು. ಬೆಳಿಗ್ಗೆಯೆಲ್ಲ ಗ್ಯಾರೇಜಿನ ಬಾಗಿಲು ತೆರೆದಿಟ್ಟುಕೊಂಡು, ತಮ್ಮ ತಾಯಿ ಆಡುತ್ತಿದ್ದ ಐರಿಷ್ ಭಾಷೆಯಲ್ಲಿ ಕಾದಂಬರಿ ಬರೆಯುತ್ತಿದ್ದರು. ಅಷ್ಟರಲ್ಲಾಗಲೇ ಐದು ಮುಗಿಸಿದ್ದರು. “ನನ್ನ ಓದುಗರನ್ನೆಲ್ಲ ಒಂದೇ ಸ್ಕೂಲ್ ಬಸ್ಸಿನಲ್ಲಿ ಕೂರಿಸಬಹುದು,” ಎಂದು ನಗುತ್ತಿದ್ದರು. ಅಮ್ಮ ಬೇಲಿಯ ಮೇಲಿಂದ ಒಗ್ಗರಣೆ ಅವಲಕ್ಕಿ ಕೊಟ್ಟರೆ ಅವರು ಬಿಸಿ ಸೋಡಾ ಬ್ರೆಡ್ ಕೊಡುತ್ತಿದ್ದರು. ನನಗೆ ಅವರೆಂದರೆ ಪ್ರಾಣ.

ಆ ಬೇಸಿಗೆಯಲ್ಲಿ ಅಪ್ಪನ ಕೆಲಸ ಹೋಯಿತು. ಬೇಗ ಇನ್ನೊಂದು ಕೆಲಸ ಸಿಗದಿದ್ದರೆ ವೀಸಾವೂ ಹೋಗಿ ನಾವು ಮನೆ ಖಾಲಿ ಮಾಡಿ ಹೊರಡಬೇಕಿತ್ತು. “ಎಲ್ಲಾ ಸರಿಹೋಗತ್ತೆ, ಟೆನ್ಷನ್ ಮಾಡ್ಕೋಬೇಡ,” ಎಂದು ಅಮ್ಮನಿಗೆ ಧೈರ್ಯ ಹೇಳುತ್ತಿದ್ದ ಅಪ್ಪ, ಸಂಜೆ ಬೇಲಿಗೆ ಒರಗಿ ಫಿನ್ ಅಂಕಲ್ ಹತ್ತಿರ ಮಾತ್ರ ಮನಸ್ಸು ಬಿಚ್ಚುತ್ತಿದ್ದ. ಕೊನೆ ಗಳಿಗೆಯಲ್ಲಿ ಕೆಲಸ ಸಿಕ್ಕಿತು.

ಎರಡು ವರ್ಷದ ಮೇಲೆ ಅವರ ಆರನೆಯ ಕಾದಂಬರಿ ಬಂತು. ಸಹಿ ಹಾಕಿ ನಮಗೊಂದು ಪ್ರತಿ ಕೊಟ್ಟರು. ನಾನು ಆಟಕ್ಕೆಂದು ಅನುವಾದದ ಆ್ಯಪ್ ತೆರೆದು ಫೋನಿನ ಕ್ಯಾಮೆರಾ ಹಿಡಿದೆ, ಪುಟ ಇಂಗ್ಲಿಷಾಯಿತು. ಅಲ್ಲಿ ಕೆಲಸ ಕಳೆದುಕೊಂಡ ಪಕ್ಕದ ಮನೆಯ ಭಾರತೀಯನೊಬ್ಬ ಕಾರಿನ ಕಿಟಕಿ ಏರಿಸಿಕೊಂಡು, ಹೆಂಡತಿಗೆ ಕೇಳದಂತೆ ಬಿಕ್ಕಿ ಬಿಕ್ಕಿ ಅಳುತ್ತಿದ್ದ. ಮಗಳ ಮುಖ ನೋಡಲು ಅವನಿಗೆ ಭಯವಂತೆ. ಹೆಸರೊಂದು ಬಿಟ್ಟರೆ ಎಲ್ಲವೂ ಅಪ್ಪನೇ.

ನನ್ನ ಮೈಯೆಲ್ಲ ಉರಿದುಹೋಯಿತು. ನೇರ ಹೋಗಿ ಕೇಳಿದೆ. ಅವರು ತಬ್ಬಿಬ್ಬಾಗಿ, “ಇಲ್ಲಿ ಯಾರೂ ಓದಲ್ಲ ಅಂದುಕೊಂಡಿದ್ದೆ, ಮಗು,” ಎಂದರು. ತಪ್ಪಾಯಿತು ಎನ್ನಲಿಲ್ಲ. ಆ ಕೋಪದಲ್ಲೇ ಪುಟವನ್ನು ಅಪ್ಪನಿಗೂ ತೋರಿಸಿಬಿಟ್ಟೆ.

ಅಪ್ಪ ಎರಡು ಸಲ ಓದಿ ಫೋನ್ ಕೆಳಗಿಟ್ಟ. “ಸುಳ್ಳೇನೂ ಬರ್ದಿಲ್ವಲ್ಲ, ಬಿಡು ಪುಟ್ಟಿ.”

“ಹೌ ಕ್ಯಾನ್ ಯು ಸೇ ದಟ್, ಅಪ್ಪಾ?”

“ಅಮ್ಮಂಗೆ ಹೇಳ್ಬೇಡ, ಅಷ್ಟೇ.”

ಮತ್ತೆಂದೂ ಅಪ್ಪ ಆ ಬೇಲಿಯ ಹತ್ತಿರ ಹೋಗಲಿಲ್ಲ.

ಸೇಡು ತೀರಿಸಿಕೊಳ್ಳದೆ ಬಿಡಬಾರದು ಎಂದುಕೊಂಡೆ. ದಾರಿಯನ್ನು ಫಿನ್ ಅಂಕಲ್ ಅವರಿಂದಲೇ ಕಲಿತಿದ್ದೆ: ಅವರ ಬಗ್ಗೆ, ಅವರಿಗೆ ಬಾರದ ಭಾಷೆಯಲ್ಲಿ ಬರೆಯುವುದು. ಅರ್ಧಂಬರ್ಧ ಮಾತಾಡುತ್ತಿದ್ದ ನಾನು, ಕನ್ನಡ ಬರೆಯಲು ಕಲಿಸು ಎಂದು ಅಪ್ಪನ ಬೆನ್ನು ಹತ್ತಿದೆ. ಒತ್ತಕ್ಷರ ತಿದ್ದಿಸುವಾಗ ಅವನಿಗೆ ಎಲ್ಲಿಲ್ಲದ ಹಿಗ್ಗು. ಯಾತಕ್ಕೆ ಕಲಿಯುತ್ತಿದ್ದೇನೆಂದು ನಾನು ಹೇಳಲಿಲ್ಲ.

ಈಗ ಕಾಲೇಜಿನಲ್ಲಿದ್ದೇನೆ. ಫಿನ್ ಅಂಕಲ್ ಇರುವ ಸೀನಿಯರ್ ಹೋಮ್‌ಗೆ ಆಗಾಗ ಹೋಗಿ ಕೂತು, ಕಂಡದ್ದನ್ನೆಲ್ಲ ಬರೆದುಕೊಂಡಿದ್ದೆ. ಕಳೆದ ತಿಂಗಳು ಮತ್ತೆ ಹೋಗಿ, ನಾನು ಬರೆದದ್ದನ್ನು ಅವರೆದುರು ಕನ್ನಡದಲ್ಲೇ ಓದಿದೆ. ಅಂಗಿಯ ಮೇಲೆ ಚೆಲ್ಲಿಕೊಳ್ಳುವ ಸೂಪು, ಅವರನ್ನು ನೋಡಲು ಒಮ್ಮೆಯೂ ಬಾರದ ಮಗ, ನರ್ಸನ್ನು ತಮ್ಮ ತಾಯಿಯೆಂದೇ ತಿಳಿದು ಕರೆದದ್ದು, ಒಂದನ್ನೂ ಬಿಟ್ಟಿರಲಿಲ್ಲ. ನಡುನಡುವೆ ತಮ್ಮ ಹೆಸರು ಕೇಳಿಸಿದಾಗಲೆಲ್ಲ ಅವರು ಮುಂದೆ ಬಾಗಿ ಕಿವಿಗೊಟ್ಟರು.

“ನನ್ನ ಬಗ್ಗೆ ಏನು ಬರೆದಿದ್ದೀ?”

“ಹೇಳಲ್ಲ,” ಎಂದೆ. ಖುಷಿಯಾಯಿತು. ಯಾಕೆ ಸುಳ್ಳು ಹೇಳಲಿ, ತುಂಬಾ ಖುಷಿಯಾಯಿತು.

ಮನೆಗೆ ಬಂದು ಅದೇ ಪುಟಗಳನ್ನು ಅಪ್ಪನ ಕೈಗಿಟ್ಟೆ. ಅಪ್ಪ ನಿಧಾನವಾಗಿ ಓದಿ, ಒಂದು ದೀರ್ಘ ತಿದ್ದಿ, “ಚೆನ್ನಾಗಿ ಬರ್ದಿದ್ದೀಯ,” ಎಂದ. ಅಂದಿನಿಂದ ನನ್ನ ಹತ್ತಿರವೂ ಮಾತನ್ನು ಅಳೆದು ತೂಗಿ ಆಡುತ್ತಾನೆ.