ಮೊದಲು ಕಂಡವನು

ಇಪ್ಪತ್ತಾರು ವರ್ಷ ಸ್ಕ್ಯಾನಿಂಗ್ ಕೋಣೆಯಲ್ಲಿ "ಉಸಿರು ಬಿಗಿಹಿಡೀರಿ, ಹಾಂ, ಈಗ ಬಿಡಿ" ಎಂದು ಹೇಳಿ ಹೇಳಿ ಆ ಟೆಕ್ನಿಷಿಯನ್‌ಗೆ ಆಸ್ಪತ್ರೆಯಲ್ಲೆಲ್ಲ ಉಸಿರಣ್ಣ ಎಂದೇ ಹೆಸರು ಬಿದ್ದಿತ್ತು. ರೋಗಿಯ ಒಳಗೇನಿದೆ ಎಂದು ಮೊದಲು ಕಾಣುತ್ತಿದ್ದವನು ಅವನೇ. ಬಾಯಿ ಬಿಡಬಾರದವನೂ ಅವನೇ. ಯಾರು ಕೇಳಿದರೂ ಒಂದೇ ಉತ್ತರ: "ಡಾಕ್ಟರ್ ಹೇಳ್ತಾರೆ."

ಆ ವರ್ಷ ಕೋಣೆಗೆ ಇಬ್ಬರು ಹೊಸಬರು ಬಂದರು. ಒಂದು, ಅನುಮಾನದ ಜಾಗಕ್ಕೆ ತಾನೇ ಕೆಂಪು ಸುತ್ತು ಹಾಕುವ ಕಂಪ್ಯೂಟರ್. ಇನ್ನೊಬ್ಬರು, ಯಂತ್ರ ಬಂದ ಮೇಲೆ ಆಸ್ಪತ್ರೆಯಲ್ಲಿ ಯಾರ ಮಾತು ನಡೆಯುತ್ತದೆ ಎಂದು ಅಧ್ಯಯನ ಮಾಡಲು ಬಂದ ಸಮಾಜಶಾಸ್ತ್ರದ ಮೇಡಂ. ಮೂಲೆಯ ಸ್ಟೂಲಿನಲ್ಲಿ ಕೂತು ಆಕೆ ಕೇಳುತ್ತಿದ್ದ ಪ್ರಶ್ನೆಗಳೋ, ದೇವರಿಗೇ ಪ್ರೀತಿ!

"ಕಂಪ್ಯೂಟರ್ ಬಿಟ್ಟಿದ್ದು ನಿಮಗೆ ಕಂಡ್ರೆ?"

"ಡಾಕ್ಟರಿಗೆ ಹೇಳ್ತೀನಮ್ಮ, ಅದೇನು ಮಹಾ!" ಎಂದು ನಕ್ಕಿದ್ದ.

ಒಂದು ಸೋಮವಾರ ಸ್ಕ್ಯಾನಿಗೆ ಮಲಗಿದವಳು ಅವನ ಸ್ವಂತ ಅಕ್ಕ, ತಾಯಿ ಸತ್ತ ಮೇಲೆ ಅವನನ್ನು ಸಾಕಿ ಬೆಳೆಸಿದವಳು. ಎರಡು ತಿಂಗಳಿಂದ ಬಿಡದ ಕೆಮ್ಮು. ತೆರೆಯ ಮೇಲೆ, ಎಡ ಶ್ವಾಸಕೋಶದ ಅಂಚಿನಲ್ಲಿ, ಬಟಾಣಿಯಷ್ಟು ನೆರಳು. ಕೆಂಪು ಸುತ್ತು ಮಾತ್ರ ಬೀಳಲಿಲ್ಲ.

"ಏನಾದ್ರೂ ಇದೆಯೇನೋ?" ಎಂದಳು ಅಕ್ಕ, ಚಪ್ಪಲಿ ಹುಡುಕುತ್ತ.

"ಡಾಕ್ಟರ್ ಹೇಳ್ತಾರಕ್ಕ."

ಮೇಡಂ ಅವನ ಮುಖವನ್ನೇ ನೋಡುತ್ತಿದ್ದರು. ಅಕ್ಕ ಹೊರಗೆ ಹೋದ ಕೂಡಲೇ, "ಈಗಲೇ ಹೋಗಿ ಹೇಳಿ" ಎಂದರು.

ಹೋದ. ಡಾಕ್ಟರು ವರದಿಗಳಿಗೆ ಸರಸರ ಸಹಿ ಹಾಕುತ್ತಿದ್ದರು. "ಸಾರ್, ನಮ್ಮಕ್ಕಂದು... ಎಡಗಡೆ ಒಂಚೂರು..."

"ಕಂಪ್ಯೂಟರೇ ಏನಿಲ್ಲ ಅಂತಿದೆ. ನಿಮಗೇನ್ರೀ ಕಾಣಿಸಿದ್ದು?"

ಕಂಡಿತ್ತು, ಅವನಿಗೆ ಕಾಣದೆ ಇನ್ನೇನು! ಬೆರಳಿಟ್ಟು ತೋರಿಸಬಹುದಿತ್ತು. ಆದರೆ ಇಪ್ಪತ್ತಾರು ವರ್ಷ ಹೊಲಿದಿಟ್ಟ ಬಾಯಿ ಅದು. "ಏನಿಲ್ಲ ಸಾರ್, ಸುಮ್ನೆ ಕೇಳ್ದೆ" ಎಂದು ಹಿಂದೆ ಸರಿದ. ಡಾಕ್ಟರು ಸಹಿ ಹಾಕಿದರು.

"ಹೇಳಿದ್ರಾ?" ಎಂದು ಮೇಡಂ ಕೇಳಿದಾಗ "ಹೇಳ್ದೆ" ಎಂದ. ಆಕೆ ಹಾಗೆಯೇ ಬರೆದುಕೊಂಡರು.

ಏಳು ತಿಂಗಳಿಗೆ ನೆರಳು ನಿಂಬೆಹಣ್ಣಿನಷ್ಟಾಯಿತು. ಈ ಸಲ ಕೆಂಪು ಸುತ್ತು ಬಿತ್ತು. ಡಾಕ್ಟರು ಕೈಚೆಲ್ಲಿದರು. ಅಕ್ಕ ಹಾಸಿಗೆ ಹಿಡಿದಳು. ಅವನು ರಜೆ ಹಾಕಿ ಅವಳ ಪಕ್ಕದಲ್ಲೇ ಕೂತ. ಅವನಿಗೆ ಅನ್ನ ಸೇರುತ್ತಿರಲಿಲ್ಲ.

ಒಂದು ಮಧ್ಯಾಹ್ನ ಚಮಚದಲ್ಲಿ ನೀರು ಕುಡಿಸುತ್ತಿದ್ದಾಗ ಅಕ್ಕ ಕೇಳಿದಳು. "ಅವತ್ತು ನಿನಗೇನಾದ್ರೂ ಕಂಡಿತ್ತೇನೋ?"

ಅವನು ಚಮಚವನ್ನು ಲೋಟದೊಳಗಿಟ್ಟ. "ಇಲ್ಲಕ್ಕ."

"ಮತ್ಯಾಕೋ ಹೀಗೆ ಕೊರಗ್ತೀಯ, ಹುಚ್ಚಪ್ಪ? ನಿನ್ನ ಕಣ್ಣಿಗೇ ಬೀಳದ್ದು ಇನ್ಯಾರಿಗೆ ಕಾಣುತ್ತೆ ಹೇಳು" ಎಂದು ಅಕ್ಕ ಅವನ ಕಣ್ಣೊರೆಸಿದಳು.